1995ರ ಡಯಲ್-ಅಪ್ ಅಂತರ್ಜಾಲ: ಜನರನ್ನು ಹೊರಗೆ ನಿಲ್ಲಿಸಿದ್ದು ಶುಲ್ಕವೋ, ತಂತಿಯೋ?

ಹಳೇಮೋಡೆಮ್ (ಚರ್ಚೆಯನ್ನು ಆರಂಭಿಸಿದವರು)

ವಿದೇಶ ಸಂಚಾರ ನಿಗಮ ನಿಯಮಿತವು, ಅಂದರೆ ಎಲ್ಲರ ಬಾಯಲ್ಲಿ ವಿಎಸ್‌ಎನ್‌ಎಲ್ ಎಂದೇ ಇದ್ದ ಕೇಂದ್ರ ಸರ್ಕಾರದ ಸಂಸ್ಥೆಯು, 1995ರ ಆಗಸ್ಟ್ 15ರಂದು ‘ಗೇಟ್‌ವೇ ಇಂಟರ್ನೆಟ್ ಆಕ್ಸೆಸ್ ಸರ್ವೀಸ್’ ಎಂಬ ಹೆಸರಿನಲ್ಲಿ ಸಾರ್ವಜನಿಕರಿಗೆ ಡಯಲ್-ಅಪ್ ಅಂತರ್ಜಾಲವನ್ನು, ಅಂದರೆ ದೂರವಾಣಿ ಕರೆಯ ಮೂಲಕ ಸೇರುವ ಅಂತರ್ಜಾಲವನ್ನು, ತೆರೆಯಿತು. ಮುಂಬಯಿ, ದೆಹಲಿ, ಕಲ್ಕತ್ತ, ಮದರಾಸುಗಳಿಗೆ ಮೊದಲ ಸರದಿ. ಬೆಂಗಳೂರಿಗೆ ಅದು ಆಮೇಲೆ ಬಂತು. ಆ ತಿಂಗಳ ವಿಶೇಷವೆಂದರೆ, ಅಮೆರಿಕದಲ್ಲಿ, ಜಾಲತಾಣ ನೋಡುವ ತಂತ್ರಾಂಶ ಮಾಡುತ್ತಿದ್ದ ನೆಟ್‌ಸ್ಕೇಪ್ ಕಂಪನಿಯ ಷೇರು ಪೇಟೆಗೆ ಬಂದು ಆಗಿನ್ನೂ ಆರೇ ದಿನ ಕಳೆದಿತ್ತು, ವಿಂಡೋಸ್ 95 ಬಿಡುಗಡೆಯಾಗಲು ಇನ್ನೂ ಒಂಬತ್ತು ದಿನ ಬಾಕಿಯಿತ್ತು. ಹಾಗಾಗಿ ನಾವು ತೀರ ಹಿಂದುಳಿದಿದ್ದೆವು ಎಂದು ಹೇಳುವವರ ಮಾತನ್ನು ನಾನು ಪೂರ್ತಿ ಒಪ್ಪುವುದಿಲ್ಲ.

ಪ್ರತಿ ವರ್ಷ ಸ್ವಾತಂತ್ರ್ಯ ದಿನದ ಆಸುಪಾಸಿನಲ್ಲಿ ಪತ್ರಿಕೆಗಳು ಈ ಕಥೆಯನ್ನು ಹೊರತೆಗೆಯುತ್ತವೆ, ಮತ್ತು ಪ್ರತಿ ವರ್ಷವೂ ಅದೇ ಅಂಕಿಯನ್ನು ಮುಂದಿಡುತ್ತವೆ: 250 ಗಂಟೆಗಳಿಗೆ 5,000 ರೂಪಾಯಿ, ವೇಗ ಸೆಕೆಂಡಿಗೆ 9.6 ಕಿಲೋಬಿಟ್. ‘ಅಬ್ಬಾ, ಅಷ್ಟು ದುಬಾರಿಯೇ’ ಎಂದು ಓದುಗರು ಹುಬ್ಬೇರಿಸುವುದರೊಂದಿಗೆ ಕಥೆ ಮುಗಿಯುತ್ತದೆ. ನನ್ನ ವಾದ ಬೇರೆ. 1994ರ ರಾಷ್ಟ್ರೀಯ ದೂರಸಂಪರ್ಕ ನೀತಿಯ ದಸ್ತಾವೇಜನ್ನು ತೆರೆದು ನೋಡಿದರೆ, ದೇಶದಲ್ಲಿ ಆಗ ನೂರು ಜನರಿಗೆ 0.8ರಷ್ಟು ದೂರವಾಣಿಗಳಿದ್ದವು, ಜಗತ್ತಿನ ಸರಾಸರಿ ನೂರಕ್ಕೆ 10 ಇತ್ತು, ಸುಮಾರು 25 ಲಕ್ಷ ಅರ್ಜಿಗಳು ಕಾಯುವ ಪಟ್ಟಿಯಲ್ಲಿದ್ದವು ಎಂದು ಸರ್ಕಾರವೇ ಬರೆದುಕೊಂಡಿದೆ. ಗೋಡೆಯ ಮೇಲೆ ದೂರವಾಣಿಯೇ ಇಲ್ಲದ ಮನೆಯವರಿಗೆ ಅಂತರ್ಜಾಲದ ಶುಲ್ಕ ಐದು ಸಾವಿರವಾದರೇನು, ಐದು ರೂಪಾಯಿಯಾದರೇನು? ಡಯಲ್-ಅಪ್‌ನ ಆರಂಭದ ದಿನಗಳ ಇತಿಹಾಸವನ್ನು ಬರೆಯುವವರು ಶುಲ್ಕದ ಪಟ್ಟಿಯಿಂದಲ್ಲ, ತಾಮ್ರದ ತಂತಿಯಿಂದ ಶುರುಮಾಡಬೇಕು ಎಂಬುದು ನನ್ನ ಅಭಿಪ್ರಾಯ. ಆ ದಿನಗಳನ್ನು ಕಂಡವರು ಇಲ್ಲಿದ್ದರೆ ಬರೆಯಿರಿ. ನಾನು ತಪ್ಪಿದ್ದರೆ ತಿದ್ದಿರಿ.

ಸ್ಟ್ರೌಜರ್_ನಿವೃತ್ತ

ನಾನು ದೂರವಾಣಿ ವಿನಿಮಯ ಕೇಂದ್ರಗಳಲ್ಲಿಯೇ ಸೇವಾವಧಿಯನ್ನು ಕಳೆದವನಾದ್ದರಿಂದ ತಂತಿಯ ಪಕ್ಷದವನೇ ಆಗಬೇಕು. ಆದರೂ ಒಂದು ತಿದ್ದುಪಡಿ ಬೇಕು. ತಂತಿ ಎಂದರೆ ಮನೆಯಿಂದ ಕಂಬಕ್ಕೆ, ಕಂಬದಿಂದ ಎಕ್ಸ್‌ಚೇಂಜಿಗೆ ಹೋಗುವ ತಾಮ್ರ ಮಾತ್ರವಲ್ಲ. ಆ ತಾಮ್ರ ಕೊನೆಯಾಗುವ ಜಾಗದಲ್ಲಿ ಯಾವ ಯಂತ್ರವಿದೆ ಎಂಬುದರ ಮೇಲೆ, ಕಂಪ್ಯೂಟರಿನ ಸಂಕೇತಗಳನ್ನು ದೂರವಾಣಿಯ ಸದ್ದಾಗಿಸುವ ಮೋಡೆಮ್‌ನ ಹಣೆಬರಹ ನಿಂತಿತ್ತು.

ಬೆಂಗಳೂರಿನ ದೂರವಾಣಿನಗರದ ಐಟಿಐ, ಅಂದರೆ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಕಾರ್ಖಾನೆ, 1948ರಲ್ಲಿ ಹುಟ್ಟಿದ್ದು. ಅಲ್ಲಿಂದ ಹೊರಬಂದ ಸ್ಟ್ರೌಜರ್ ಎಕ್ಸ್‌ಚೇಂಜುಗಳು ದಶಕಗಳ ಕಾಲ ಈ ದೇಶದ ಮಾತನ್ನು ಹೊತ್ತವು. ಅವು ಪೂರ್ತಿ ಯಾಂತ್ರಿಕ. ನೀವು 5 ಎಂದು ತಿರುಗಿಸಿದರೆ ತಂತಿಯಲ್ಲಿನ ವಿದ್ಯುತ್ ಐದು ಬಾರಿ ಕಡಿದು ಕೂಡುತ್ತಿತ್ತು, ಸೊನ್ನೆಗೆ ಹತ್ತು ಬಾರಿ, ಮತ್ತು ಆ ಕಡಿತಗಳಿಗೆ ತಕ್ಕಂತೆ ಅಲ್ಲಿ ಒಂದು ಲೋಹದ ತೋಳು ಟಕಟಕನೆ ಮೇಲೇರಿ ಪಕ್ಕಕ್ಕೆ ತಿರುಗುತ್ತಿತ್ತು. ಹೊಸ ಎಲೆಕ್ಟ್ರಾನಿಕ್ ಎಕ್ಸ್‌ಚೇಂಜುಗಳಾದರೆ ಒಂದೊಂದು ಅಂಕಿಗೂ ಎರಡೆರಡು ಸ್ವರಗಳನ್ನು ಒಟ್ಟಿಗೆ ಕೇಳಿಸಿಕೊಂಡು ಅರ್ಥಮಾಡಿಕೊಳ್ಳುತ್ತಿದ್ದವು. ಮೋಡೆಮ್‌ಗೆ ಎಟಿಡಿಟಿ ಎಂಬ ಆದೇಶ ಕೊಟ್ಟರೆ ಸ್ವರ, ಎಟಿಡಿಪಿ ಎಂದರೆ ಕಡಿತ. ಹಳೆಯ ಎಕ್ಸ್‌ಚೇಂಜಿನ ಮನೆಯಲ್ಲಿ ಎಟಿಡಿಟಿ ಕೊಟ್ಟವನ ಮೋಡೆಮ್ ಚೆಂದವಾಗಿ ಹಾಡಿ, ಅತ್ತಣಿಂದ ಉತ್ತರವಿಲ್ಲದೆ ಸುಮ್ಮನಾಗುತ್ತಿತ್ತು. ಮೋಡೆಮ್ ಕೆಟ್ಟಿದೆ ಎಂದು ಅಂಗಡಿಗೆ ಹಿಂತಿರುಗಿಸಿದವರನ್ನು ನಾನು ಬಲ್ಲೆ.

ಇನ್ನೊಂದು ಮಾತು, ಇದು ನಮ್ಮ ರಾಜ್ಯದ ಹೆಮ್ಮೆಯ ಮಾತೂ ಹೌದು. ದೂರಸಂಪರ್ಕ ಸಂಶೋಧನೆಗೆಂದೇ ಇದ್ದ ಸರ್ಕಾರದ ಸಿ-ಡಾಟ್ ಸಂಸ್ಥೆ ಸಿದ್ಧಪಡಿಸಿದ ಗ್ರಾಮೀಣ ಡಿಜಿಟಲ್ ಎಕ್ಸ್‌ಚೇಂಜು 1986ರಲ್ಲಿ ಮೊದಲು ನೆಲೆಗೊಂಡದ್ದು ನಮ್ಮ ಕಿತ್ತೂರಿನಲ್ಲಿ. 128 ಪೋರ್ಟುಗಳ ಸಣ್ಣ ಪೆಟ್ಟಿಗೆ. ಹವಾನಿಯಂತ್ರಣ ಬೇಡ, ಧೂಳಿಗೂ ಸೆಕೆಗೂ ಜಗ್ಗುತ್ತಿರಲಿಲ್ಲ. 1990ರ ದಶಕದಲ್ಲಿ ಇಂತಹ ಎಲೆಕ್ಟ್ರಾನಿಕ್ ಎಕ್ಸ್‌ಚೇಂಜುಗಳು ಹರಡಿರದಿದ್ದರೆ 1995ರ ಆಗಸ್ಟ್ 15 ಬಂದಿದ್ದರೂ ಮೋಡೆಮ್‌ಗಳಿಗೆ ಕರೆ ಮಾಡಲು ಯೋಗ್ಯವಾದ ಜಾಲವೇ ಇರುತ್ತಿರಲಿಲ್ಲ. ವಿಎಸ್‌ಎನ್‌ಎಲ್‌ನ ಕೆಲಸ ಹೊರದೇಶದ ಕೊಂಡಿ. ಊರೊಳಗಿನ ತಂತಿ ಮುಂಬಯಿ, ದೆಹಲಿಗಳಲ್ಲಿ ಎಂಟಿಎನ್‌ಎಲ್ ಎಂಬ ಇನ್ನೊಂದು ಸರ್ಕಾರಿ ಸಂಸ್ಥೆಯದು, ಮಿಕ್ಕೆಡೆ ದೂರಸಂಪರ್ಕ ಇಲಾಖೆಯದು. ಈ ಒಡಕನ್ನು ಮರೆತು ಎಲ್ಲವನ್ನೂ ಒಂದೇ ಸಂಸ್ಥೆಯ ತಲೆಗೆ ಕಟ್ಟುವುದು ನ್ಯಾಯವಲ್ಲ.

ಲಿಂಕ್ಸ್_ಲಲಿತೆ

ಇಬ್ಬರ ಮಾತನ್ನೂ ಗೌರವದಿಂದ ಓದಿದೆ, ಆದರೆ ನಾನು ಶುಲ್ಕದ ಪಕ್ಷ. ನಮ್ಮ ಮನೆಯಲ್ಲಿ ದೂರವಾಣಿ ಇತ್ತು. ಇಲ್ಲದ್ದು ಐದು ಸಾವಿರ ರೂಪಾಯಿ. ನನ್ನಂಥವರಿಗೆ ಬಾಗಿಲು ತೆರೆದದ್ದು ವಿದ್ಯಾರ್ಥಿಗಳ ಶೆಲ್ ಖಾತೆ: 250 ಗಂಟೆಗಳಿಗೆ 500 ರೂಪಾಯಿ. ಹತ್ತರಲ್ಲಿ ಒಂದು ಪಾಲು! ಆ ರಿಯಾಯಿತಿ ಇಲ್ಲದಿದ್ದರೆ ತಂತಿ ಬಂಗಾರದ್ದಾಗಿದ್ದರೂ ನಾನು ಹೊರಗೇ ನಿಂತಿರುತ್ತಿದ್ದೆ.

ಶೆಲ್ ಖಾತೆ ಎಂದರೇನೆಂದು ಈಗಿನವರಿಗೆ ವಿವರಿಸಬೇಕು. ನಿಮ್ಮ ಕಂಪ್ಯೂಟರು ಅಂತರ್ಜಾಲಕ್ಕೆ ಸೇರುತ್ತಲೇ ಇರಲಿಲ್ಲ. ಸೇರಿದ್ದು ಅತ್ತ ಕಡೆಯ ಯುನಿಕ್ಸ್ ಯಂತ್ರ. ನಿಮ್ಮ ಮೇಜಿನ ಮೇಲಿನದು ಆ ಯಂತ್ರದ ದೂರದ ಕೀಲಿಮಣೆ ಮತ್ತು ಪರದೆ, ಅಷ್ಟೆ. ಕಪ್ಪು ಪರದೆಯ ಮೇಲೆ ಅಕ್ಷರಗಳು ಮಾತ್ರ ಬರುತ್ತಿದ್ದವು. ಅಂಚೆಗೆ ಪೈನ್, ಜಾಲತಾಣ ನೋಡಲು ಲಿಂಕ್ಸ್. ಚಿತ್ರವಿದ್ದ ಜಾಗದಲ್ಲಿ ‘ಇಮೇಜ್’ ಎಂಬ ಪದ ಆವರಣದೊಳಗೆ ಕಾಣುತ್ತಿತ್ತು. ನಾವು ಅದನ್ನೇ ಚಿತ್ರವೆಂದು ಭಾವಿಸಿಕೊಂಡು ಮುಂದೆ ಹೋಗುತ್ತಿದ್ದೆವು. ಒಂದು ಕಡತ ಬೇಕಿದ್ದರೆ ಮೊದಲು ಎಫ್‌ಟಿಪಿ ಎಂಬ ಕಡತ ಸಾಗಿಸುವ ವಿಧಾನದಿಂದ ಅತ್ತಣ ಯಂತ್ರಕ್ಕೆ ಇಳಿಸಬೇಕು, ನಂತರ ಅಲ್ಲಿಂದ ಝಡ್‌ಮೋಡೆಮ್ ಎಂಬ ಇನ್ನೊಂದು ವಿಧಾನದಿಂದ ಮನೆಗೆ ಇಳಿಸಬೇಕು. ಹೊಳೆಯಿಂದ ತೊಟ್ಟಿಗೆ, ತೊಟ್ಟಿಯಿಂದ ಹಂಡೆಗೆ ನೀರು ತುಂಬಿದ ಹಾಗೆ.

ನನ್ನ ಇ-ಅಂಚೆ ವಿಳಾಸದ ಕೊನೆಯಲ್ಲಿ ‘ಗಿಯಾಸ್‌ಬಿಜಿ01’ ಎಂದಿತ್ತು, ಅದರ ಮುಂದೆ ವಿಎಸ್‌ಎನ್‌ಎಲ್ ಡಾಟ್ ನೆಟ್ ಡಾಟ್ ಇನ್. ‘ಗಿಯಾಸ್’ ಸೇವೆಯ ಇಂಗ್ಲಿಷ್ ಹೆಸರಿನ ಮೊದಲಕ್ಷರಗಳು, ‘ಬಿಜಿ’ ಅಂದರೆ ಬೆಂಗಳೂರು. ಬೊಂಬಾಯಿಯವರದು ‘ಬಿಎಂ’, ಮದರಾಸಿನವರದು ‘ಎಂಡಿ’. ವಿಳಾಸ ನೋಡಿದರೆ ಊರು ತಿಳಿಯುತ್ತಿತ್ತು. ಆ ಉದ್ದದ ವಿಳಾಸವನ್ನು ಮದುವೆಯ ಮನೆಯಲ್ಲಿ ನೆಂಟರಿಗೆ ಬಾಯಲ್ಲಿ ಹೇಳಿ ಬರೆಸುವ ಕಷ್ಟ ಅನುಭವಿಸಿದವರಿಗೇ ಗೊತ್ತು.

ಹಳೇಮೋಡೆಮ್

ಲಲಿತಾ ಅವರೇ, ನಿಮ್ಮ ಮಾತನ್ನು ತೆಗೆದುಹಾಕುವಂತಿಲ್ಲ. ಆದರೆ ಒಂದು ಒರಟು ಲೆಕ್ಕ ಹಾಕಿದೆ, ನೋಡಿ. 9.6 ಕಿಲೋಬಿಟ್ ಎಂದರೆ, ಅಕ್ಷರಕ್ಕೆ ಹತ್ತು ಬಿಟ್‌ನಂತೆ, ಸೆಕೆಂಡಿಗೆ ಸುಮಾರು 960 ಅಕ್ಷರಗಳು. ನೂರು ಕಿಲೋಬೈಟಿನ ಒಂದು ಚಿತ್ರಕ್ಕೆ ಎರಡು ನಿಮಿಷಕ್ಕೆ ಸ್ವಲ್ಪ ಕಡಿಮೆ, ಒಂದು ಮೆಗಾಬೈಟಿಗೆ ಹದಿನೆಂಟು ನಿಮಿಷ. 250 ಗಂಟೆಗಳನ್ನೂ ಒಂದು ಕ್ಷಣ ವ್ಯರ್ಥ ಮಾಡದೆ, ಒಂದು ಬಾರಿಯೂ ಸಂಪರ್ಕ ಕಡಿಯದೆ ಬಳಸಿದರೂ ಒಟ್ಟು ಇಳಿಸಿಕೊಳ್ಳಬಹುದಾದದ್ದು ಸುಮಾರು 860 ಮೆಗಾಬೈಟ್. ಇಂದು ಒಂದೇ ಸಿನಿಮಾಕ್ಕೆ ಅದು ಸಾಲದು. ಹಾಗಿರುವಾಗ ಅಕ್ಷರ ಮಾತ್ರದ ನಿಮ್ಮ 500 ರೂಪಾಯಿಯ ಖಾತೆಯೇ ಆ ತಂತಿಗೆ ನಿಜವಾಗಿ ಹೊಂದುವಂಥದ್ದಾಗಿತ್ತು. ಹೆಚ್ಚು ಹಣ ಕೊಟ್ಟು ಪೂರ್ಣ ಸಂಪರ್ಕ ಪಡೆದವರು, ವಿಂಡೋಸನ್ನು ಅಂತರ್ಜಾಲಕ್ಕೆ ಜೋಡಿಸುವ ಟ್ರಂಪೆಟ್ ವಿನ್‌ಸಾಕ್ ತಂತ್ರಾಂಶ ಸ್ಥಾಪಿಸಿ ನೆಟ್‌ಸ್ಕೇಪ್ ತೆರೆದು, ಚಿತ್ರಗಳನ್ನು ತೋರಿಸಬೇಡ ಎಂಬ ಆಯ್ಕೆಯನ್ನು ಒತ್ತಿ ಕೂರುತ್ತಿದ್ದರು. ನಾನೂ ಅವರಲ್ಲೊಬ್ಬ.

ಶಿವಮೊಗ್ಗದ_ಕೊನೆಯಲ್ಲಿ

ಮಹಾನಗರದವರು ಶುಲ್ಕ, ತಂತಿ ಎಂದು ಎರಡೇ ಪಕ್ಷ ಮಾಡಿಕೊಂಡಿದ್ದೀರಿ. ನಮಗೆ ಮೂರನೆಯದೊಂದಿತ್ತು, ಅದು ದೂರ. ಸಂಪರ್ಕ ಕೇಂದ್ರ ಬೆಂಗಳೂರಿನಲ್ಲಿದ್ದರೆ ನಮಗೆ ಅದು ಎಸ್‌ಟಿಡಿ, ಅಂದರೆ ದುಬಾರಿಯಾದ ಹೊರ ಊರಿನ ಕರೆ. ರಾತ್ರಿ 11 ಗಂಟೆಯ ನಂತರ ಕಾಲು ದರವೆಂಬ ಕಾರಣಕ್ಕೆ ನಮ್ಮ ತಂದೆಯವರು ಅಮೆರಿಕದಲ್ಲಿದ್ದ ಅಣ್ಣನ ಅಂಚೆಯನ್ನು ನೋಡಲು 11 ಹೊಡೆಯುವುದನ್ನೇ ಕಾಯುತ್ತಿದ್ದರು. ಮೊದಲೇ ಎಲ್ಲ ಉತ್ತರಗಳನ್ನೂ ಟೈಪ್ ಮಾಡಿಟ್ಟುಕೊಂಡು, ಸಂಪರ್ಕ ಸಿಕ್ಕ ಕೂಡಲೇ ಕಳಿಸಿ, ಬಂದದ್ದನ್ನು ಇಳಿಸಿಕೊಂಡು, ಕಡಿದುಬಿಡುವುದು. ಓದುವುದು ಆಮೇಲೆ. ಪಕ್ಕದಲ್ಲಿ ಗಡಿಯಾರವಿಟ್ಟುಕೊಂಡು ಕೂರುತ್ತಿದ್ದರಿಂದ ನಮ್ಮ ಮನೆಯ ಮಟ್ಟಿಗೆ ಅಂತರ್ಜಾಲವೆಂದರೆ ಮೂರು ನಿಮಿಷದ ಒಂದು ಕ್ರಿಯೆ, ಹೆಚ್ಚೂಕಡಿಮೆ ಮಂಗಳಾರತಿಯಷ್ಟು ಹೊತ್ತಿನದು.

250 ಗಂಟೆಗಳ ಮಿತಿಯನ್ನು ನೀವೆಲ್ಲ ಕಡಿಮೆ ಎನ್ನುತ್ತಿದ್ದೀರಿ. ನಮ್ಮದರಲ್ಲಿ ವರ್ಷದ ಕೊನೆಗೆ 230 ಗಂಟೆ ಉಳಿದೇ ಇರುತ್ತಿತ್ತು.

ಎರ್ನೆಟ್_ನೆನಪು

‘ಮೊದಲು’ ಎಂಬ ಪದದ ಬಗ್ಗೆ ಎಚ್ಚರಿಕೆಯಿಂದಿರೋಣ. ಸಾರ್ವಜನಿಕರಿಗೆ ಎಂದು ಸೇರಿಸಿದರೆ ಮಾತ್ರ 1995 ಸರಿ. 1986ರಲ್ಲಿ ಎಲೆಕ್ಟ್ರಾನಿಕ್ಸ್ ಇಲಾಖೆಯು ವಿಶ್ವಸಂಸ್ಥೆಯ ಅಭಿವೃದ್ಧಿ ಕಾರ್ಯಕ್ರಮದ ನೆರವಿನಿಂದ ಆರಂಭಿಸಿದ ಎರ್ನೆಟ್ ಎಂಬ ಶಿಕ್ಷಣ-ಸಂಶೋಧನಾ ಜಾಲದ ಯೋಜನೆಯಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ, ಐದು ಐಐಟಿಗಳು ಮತ್ತು ಮುಂಬಯಿಯ ರಾಷ್ಟ್ರೀಯ ತಂತ್ರಾಂಶ ತಂತ್ರಜ್ಞಾನ ಕೇಂದ್ರ ಸೇರಿದ್ದವು. ಮುಂಬಯಿಯ ಆ ಕೇಂದ್ರದಲ್ಲಿ ಶ್ರೀನಿವಾಸನ್ ರಮಣಿ ಅವರ ನೇತೃತ್ವದಲ್ಲಿ ಹೊರದೇಶದೊಂದಿಗೆ ಇ-ಅಂಚೆಯ ಕೊಂಡಿ ಬೆಸೆದಾಗ ಅದೂ ದೂರವಾಣಿ ಕರೆಯ ಮೂಲಕವೇ. ಸಂಶೋಧಕರಿಗೆ ಅದು ಉಚಿತ. ಹಾಗಾಗಿ ಟಾಟಾ ಇನ್‌ಸ್ಟಿಟ್ಯೂಟ್ ಎಂದೇ ಊರವರು ಕರೆಯುವ ಆ ವಿಜ್ಞಾನ ಸಂಸ್ಥೆಯ ಕ್ಯಾಂಪಸ್ಸಿನೊಳಗಿದ್ದವರಿಗೆ ಅಂತರ್ಜಾಲ ಹಳೆಯ ಸಂಗತಿ, ಎದುರಿನ ಮಲ್ಲೇಶ್ವರದವರಿಗೆ ಹೊಸತು.

ಬೆಂಗಳೂರಿನ ಇನ್ನೊಂದು ವಿಚಿತ್ರವೂ ಇದೆ. 1980ರ ದಶಕದಲ್ಲಿಯೇ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಇಲ್ಲಿಂದ ಉಪಗ್ರಹದ ಮೂಲಕ ತನ್ನ ಅಮೆರಿಕದ ಕಚೇರಿಗೆ ಕೊಂಡಿ ಹಾಕಿಕೊಂಡಿತ್ತು. 1990ರ ದಶಕದ ಆರಂಭದಲ್ಲಿ ಸಾಫ್ಟ್‌ವೇರ್ ತಂತ್ರಜ್ಞಾನ ಪಾರ್ಕಿನವರು ಇತರ ಕಂಪನಿಗಳಿಗೂ 64 ಕಿಲೋಬಿಟ್‌ಗಳ ಉಪಗ್ರಹ ಸಂಪರ್ಕ ಕೊಡತೊಡಗಿದರು. ಅಂದರೆ ನಗರದ ಮಾಹಿತಿ ತಂತ್ರಜ್ಞಾನದ ಏಳಿಗೆಗೆ ಡಯಲ್-ಅಪ್ ಕಾರಣವಲ್ಲ. ಕಂಪನಿಗಳು ಅಂಗಳದ ಬಾವಿಯಿಂದ ನೀರು ಸೇದುತ್ತಿದ್ದವು. ಬೀದಿ ನಲ್ಲಿಯ ಮುಂದೆ ಕೊಡ ಹಿಡಿದು ನಿಂತವರು ನಾವು ಮನೆಯವರು.

ಸರದಿಯಲ್ಲಿ

ಯಾರೂ ಹೇಳದೆ ಬಿಟ್ಟ ಒಂದು ಅಂಶವಿದೆ, ಅದು ಅತ್ತ ತುದಿಯ ಮೋಡೆಮ್‌ಗಳ ಸಂಖ್ಯೆ. ಡಯಲ್-ಅಪ್‌ನಲ್ಲಿ ಒಬ್ಬ ಬಳಕೆದಾರನಿಗೆ ಸೇವಾದಾರನ ಬಳಿ ಒಂದು ಮೋಡೆಮ್ ಮತ್ತು ಒಂದು ದೂರವಾಣಿ ಮಾರ್ಗ ಪೂರ್ತಿಯಾಗಿ ಮೀಸಲಾಗಬೇಕು. ನೂರು ಮೋಡೆಮ್‌ಗಳಿದ್ದರೆ ನೂರೊಂದನೆಯವನಿಗೆ ಕೇಳುವುದು ‘ಎಂಗೇಜ್’ ಸದ್ದು ಮಾತ್ರ. ಈಗಿನಂತೆ ಎಲ್ಲರಿಗೂ ವೇಗ ಸ್ವಲ್ಪ ಸ್ವಲ್ಪ ಕುಸಿಯುವ ಮಾತಿಲ್ಲ. ಒಳಗಿದ್ದರೆ ಒಳಗೆ, ಹೊರಗಿದ್ದರೆ ಹೊರಗೆ.

ಮೊದಲ ಆರು ತಿಂಗಳಲ್ಲಿ ಚಂದಾದಾರರ ಸಂಖ್ಯೆ ಸುಮಾರು 10,000ಕ್ಕೆ ಏರಿತು. ಇಂದಿನ ಕಣ್ಣಿಗೆ ಅದು ಒಂದು ಬಡಾವಣೆಯ ಜನಸಂಖ್ಯೆ, ಆದರೆ ಅಷ್ಟು ಬೇಡಿಕೆಯನ್ನು ಸಂಸ್ಥೆ ನಿರೀಕ್ಷಿಸಿರಲಿಲ್ಲ. ಆಗ ವಿಎಸ್‌ಎನ್‌ಎಲ್ ಅಧ್ಯಕ್ಷರಾಗಿದ್ದ ಬಿ. ಕೆ. ಸಿಂಗಾಲ್ ಅವರು ಆರಂಭದ ಎಡವಟ್ಟುಗಳನ್ನು ಬಹಿರಂಗವಾಗಿಯೇ ಒಪ್ಪಿಕೊಂಡರು. ಸರ್ಕಾರಿ ಸಂಸ್ಥೆಯೊಂದರ ಮುಖ್ಯಸ್ಥರು ‘ನಮ್ಮಿಂದ ತಪ್ಪಾಗಿದೆ’ ಎನ್ನುವುದು ಆಗಲೂ ಅಪರೂಪ, ಈಗಲೂ ಅಪರೂಪ. ಹಿಂದಿ ಚಿತ್ರನಟ ಶಮ್ಮಿ ಕಪೂರ್ ಅವರು ಅಂತರ್ಜಾಲ ಬಳಕೆದಾರರ ಸಂಘವನ್ನು ಕಟ್ಟಿ ಅದರ ಅಧ್ಯಕ್ಷರಾಗಿದ್ದರು ಎಂಬುದನ್ನು ಈಗಿನ ಹುಡುಗರಿಗೆ ಹೇಳಿದರೆ ನಂಬುವುದಿಲ್ಲ.

ನನ್ನದೊಂದು ಸ್ವಂತ ತಪ್ಪೊಪ್ಪಿಗೆ: ಬೆಳಗಿನ ಜಾವ ನಾಲ್ಕಕ್ಕೆ ಅಲಾರಂ ಇಟ್ಟು ಎದ್ದು ಸಂಪರ್ಕ ಪಡೆಯುತ್ತಿದ್ದೆ, ಪರೀಕ್ಷೆಗೆ ಓದುತ್ತಿದ್ದೇನೆಂದು ತಿಳಿದು ಅಮ್ಮ ಕಾಫಿ ಮಾಡಿ ತಂದುಕೊಡುತ್ತಿದ್ದರು. ಮೋಡೆಮ್‌ನ ಕಿರುಚಾಟ ಕೇಳದಿರಲು ಎಟಿಎಂ0 ಎಂಬ ಆದೇಶವಿತ್ತಲ್ಲ, ಆ ಸೊನ್ನೆಗೆ ನಾನು ಋಣಿ.

ಬರಹಗಾರ_ಬಸವ

ಕನ್ನಡದ ಮಾತನ್ನು ಯಾರೂ ಎತ್ತಲಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. ಶೆಲ್ ಖಾತೆಯ ಪರದೆಗೆ ರೋಮನ್ ಅಕ್ಷರಗಳಾಚೆಗೆ ಏನೂ ಗೊತ್ತಿರಲಿಲ್ಲ. ‘ನಮಸ್ಕಾರ’ವನ್ನು ರೋಮನ್ ಲಿಪಿಯಲ್ಲಿ ಬರೆದು ಕಳಿಸುವುದೇ ನಮ್ಮ ಕನ್ನಡ ಅಂಚೆ, ದೀರ್ಘಕ್ಕೆ ದೊಡ್ಡಕ್ಷರ, ಮಹಾಪ್ರಾಣಕ್ಕೆ ಪಕ್ಕದಲ್ಲೊಂದು ಎಚ್. ಎಲ್ಲ ಲಿಪಿಗಳ ಅಕ್ಷರಗಳಿಗೂ ಕಂಪ್ಯೂಟರಿನಲ್ಲಿ ಸಂಕೇತ ಕೊಡುವ ಯುನಿಕೋಡ್‌ನ ಮೊದಲ ಆವೃತ್ತಿಯಲ್ಲಿಯೇ, 1991ರಲ್ಲಿ, ಕನ್ನಡಕ್ಕೆ ಸ್ಥಾನ ಸಿಕ್ಕಿತ್ತು ನಿಜ, ಆದರೆ ವಿಂಡೋಸ್ ಅದನ್ನು ತೋರಿಸತೊಡಗಿದ್ದು 2001ರ ಎಕ್ಸ್‌ಪಿ ಆವೃತ್ತಿಯಿಂದ. ನಡುವಿನ ಹತ್ತು ವರ್ಷ, ಅಂದರೆ ಡಯಲ್-ಅಪ್‌ನ ಹೆಚ್ಚುಕಡಿಮೆ ಇಡೀ ಆಯುಷ್ಯ, ಕನ್ನಡಕ್ಕೆ ಪರದೆಯ ಮೇಲೆ ಸ್ವಂತ ಮನೆ ಇರಲಿಲ್ಲ.

ಆದರೂ 1996ರಲ್ಲಿಯೇ ಯು. ಬಿ. ಪವನಜ ಅವರು ‘ವಿಶ್ವಕನ್ನಡ’ ಜಾಲತಾಣವನ್ನು ಆರಂಭಿಸಿದರು. 1998ರಲ್ಲಿ ಶೇಷಾದ್ರಿ ವಾಸು ಅವರ ಕನ್ನಡ ಬರೆಯುವ ತಂತ್ರಾಂಶ ‘ಬರಹ’ ಬಂತು. ಆ ಕಾಲದಲ್ಲಿ ಜಾಲದ ಮೇಲೆ ಕನ್ನಡ ತೋರಿಸಲು ಇದ್ದ ದಾರಿಗಳು ಎರಡೇ: ಓದುಗರು ಫಾಂಟನ್ನು ಇಳಿಸಿಕೊಳ್ಳಬೇಕು, ಇಲ್ಲವೇ ಪುಟವನ್ನೇ ಚಿತ್ರವಾಗಿಸಿ ಹಾಕಬೇಕು. ಹಳೇಮೋಡೆಮ್ ಅವರ ಲೆಕ್ಕವನ್ನೇ ಹಿಡಿಯಿರಿ. ಇಂಗ್ಲಿಷಿನ ಒಂದು ಪುಟದ ಬರಹ ಎರಡು ಮೂರು ಕಿಲೋಬೈಟ್, ಅಂದರೆ ಎರಡು ಮೂರು ಸೆಕೆಂಡು. ಚಿತ್ರವಾಗಿಸಿದ ಕನ್ನಡ ಪುಟ ಐವತ್ತು ಕಿಲೋಬೈಟ್ ಆದರೂ ಸುಮಾರು ಒಂದು ನಿಮಿಷ. ಒಂದೇ ತಂತಿ, ಒಂದೇ ಶುಲ್ಕ, ಆದರೆ ಕನ್ನಡದ ಓದುಗ ಇಂಗ್ಲಿಷಿನ ಓದುಗನಿಗಿಂತ ಇಪ್ಪತ್ತು ಪಟ್ಟು ಹೆಚ್ಚು ತೆರಬೇಕಾಗಿತ್ತು. ನಿಮ್ಮ ಎರಡು ಪಕ್ಷಗಳಲ್ಲಿ ಇದನ್ನು ಯಾವುದಕ್ಕೆ ಸೇರಿಸುತ್ತೀರಿ?

ಹಳೇಮೋಡೆಮ್

ಬಸವ ಅವರ ಪ್ರಶ್ನೆಗೆ ನನ್ನಲ್ಲಿ ಸಿದ್ಧ ಉತ್ತರವಿಲ್ಲ. ನಾನು ಎರಡು ಪಕ್ಷ ಮಾಡಿದ್ದು ಅವಸರವಾಯಿತು. ಆದರೆ ನನ್ನ ವಾದವನ್ನು ಪರೀಕ್ಷೆಗೊಡ್ಡಲು ಒಳ್ಳೆಯ ಸಂದರ್ಭವೊಂದು ಇತಿಹಾಸದಲ್ಲಿಯೇ ಇದೆ. 1998ರ ನವೆಂಬರಿನಲ್ಲಿ ಸರ್ಕಾರ ಖಾಸಗಿ ಸೇವಾದಾರರಿಗೆ ಅವಕಾಶ ಕೊಟ್ಟಿತು, ಪರವಾನಗಿ ಶುಲ್ಕ ಮೊದಲ ಐದು ವರ್ಷ ಮನ್ನಾ, ಆಮೇಲೆ ನಾಮಮಾತ್ರಕ್ಕೆ ವರ್ಷಕ್ಕೆ ಒಂದು ರೂಪಾಯಿ. ಅದೇ ತಿಂಗಳು ಸತ್ಯಂ ಇನ್ಫೋವೇ ಮೊದಲ ಖಾಸಗಿ ಸೇವಾದಾರನಾಗಿ ಕಣಕ್ಕಿಳಿಯಿತು. ಮರುವರ್ಷ ಅಕ್ಟೋಬರಿನಲ್ಲಿ ಅಮೆರಿಕದ ಷೇರುಪೇಟೆ ನ್ಯಾಸ್ಡಾಕ್‌ನಲ್ಲಿ ಪಟ್ಟಿಯಾಯಿತು. ಅಂತರ್ಜಾಲದ ಗಂಟೆಗಳನ್ನು ಅಂಗಡಿಯಲ್ಲಿ ಡಬ್ಬಿಯೊಳಗಿಟ್ಟು ಮಾರುವ ಕಾಲ ಬಂತು. ಶುಲ್ಕ ವರ್ಷದಿಂದ ವರ್ಷಕ್ಕೆ ಕುಸಿಯಿತು. ಹಾಗಿದ್ದೂ ಮನೆಮನೆಗೆ ಅಂತರ್ಜಾಲ ನುಗ್ಗಲಿಲ್ಲ. ಜನ ಹೋದದ್ದು ಬೀದಿ ಬದಿಯ ಸೈಬರ್ ಕೆಫೆಗೆ. ಮನೆಯಲ್ಲಿ ಕಂಪ್ಯೂಟರೂ ಬೇಕು, ದೂರವಾಣಿಯೂ ಬೇಕು, ಅದು ಗಂಟೆಗಟ್ಟಲೆ ಖಾಲಿ ಇರಲೂ ಬೇಕು ಎಂಬ ಮೂರು ಶರತ್ತುಗಳು ಶುಲ್ಕ ಇಳಿದ ಮಾತ್ರಕ್ಕೆ ಸಡಿಲವಾಗಲಿಲ್ಲ. ಬ್ರಿಗೇಡ್ ರಸ್ತೆಯಲ್ಲಿ 1996ರಲ್ಲಿ ತೆರೆದ ಮೊದಲ ಕೆಫೆ ಕಾಫಿ ಡೇ ಕೂಡ ಅಂತರ್ಜಾಲ ಕೆಫೆಯಾಗಿಯೇ ಹುಟ್ಟಿದ್ದು; ಈಗ ಕಾಫಿ ಮಾತ್ರ ನೆನಪಿನಲ್ಲಿದೆ.

ಲಿಂಕ್ಸ್_ಲಲಿತೆ

ಸೈಬರ್ ಕೆಫೆಗೆ ಹೋದವರು ತಂತಿಯಿಲ್ಲದ್ದಕ್ಕೆ ಹೋದರೋ, ನಲವತ್ತು ಐವತ್ತು ಸಾವಿರದ ಕಂಪ್ಯೂಟರನ್ನು ಕೊಳ್ಳಲಾಗದ್ದಕ್ಕೆ ಹೋದರೋ? ಅದೂ ಹಣದ ಮಾತೇ ಅಲ್ಲವೇ? ಹಾಗಾಗಿ ನಾನು ನನ್ನ ಪಕ್ಷ ಬಿಡುತ್ತಿಲ್ಲ.

ಆದರೆ ಸ್ಟ್ರೌಜರ್ ಸರ್‌ಗೆ ಒಂದು ಹಳೆಯ ಸಂದೇಹವನ್ನು ಕೇಳಬೇಕಿದೆ. 1999ರಲ್ಲಿ ನಾನು 56 ಕಿಲೋಬಿಟ್‌ಗಳ ಹೊಸ ಮೋಡೆಮ್ ಕೊಂಡೆ. ಬೇಸಿಗೆಯಲ್ಲಿ 40ರ ಮೇಲೆ ಸಿಗುತ್ತಿತ್ತು, ಆದರೆ ಮಳೆಗಾಲ ಬಂತೆಂದರೆ 20 ದಾಟುತ್ತಿರಲಿಲ್ಲ. ಮಾತನಾಡುವಾಗ ಮಾತ್ರ ದನಿ ಸ್ಪಷ್ಟವಾಗಿಯೇ ಇರುತ್ತಿತ್ತು. ಏಕೆ ಹಾಗೆ?

ಸ್ಟ್ರೌಜರ್_ನಿವೃತ್ತ

ಅಮ್ಮಾ, ಮನುಷ್ಯನ ಕಿವಿ ಬಹಳ ಕ್ಷಮಾಶೀಲವಾದದ್ದು, ಮೋಡೆಮ್ ಹಾಗಲ್ಲ. ದೂರವಾಣಿಯ ಮಾರ್ಗ ಒಯ್ಯುವುದು 300ರಿಂದ 3,400 ಹರ್ಟ್ಸ್‌ವರೆಗಿನ ಸದ್ದನ್ನು. ಸ್ವಲ್ಪ ಚಿಟಿಚಿಟಿ ಇದ್ದರೂ ಕಿವಿ ಅದನ್ನು ಬದಿಗೆ ಸರಿಸಿ ಮಾತನ್ನು ಹಿಡಿದುಕೊಳ್ಳುತ್ತದೆ, ಮೋಡೆಮ್‌ಗೆ ಅದೇ ಚಿಟಿಚಿಟಿ ತಪ್ಪು ಅಕ್ಷರವಾಗಿ ಕಾಣುತ್ತದೆ. ಆಗ ಎರಡೂ ತುದಿಯ ಮೋಡೆಮ್‌ಗಳು ಮಾತಾಡಿಕೊಂಡು ಕಡಿಮೆ ವೇಗಕ್ಕೆ ಇಳಿಯುತ್ತವೆ. 56 ಕಿಲೋಬಿಟ್ ಮೋಡೆಮ್‌ನ ನಾಜೂಕು ಇನ್ನೂ ಹೆಚ್ಚು. ಸೇವಾದಾರನ ತುದಿ ಪೂರ್ತಿ ಡಿಜಿಟಲ್ ಆಗಿದ್ದು, ನಿಮ್ಮ ಮನೆಯ ತಂತಿಯೊಂದೇ ಅನಲಾಗ್ ಆಗಿದ್ದರೆ ಮಾತ್ರ ಅದು ಕೆಲಸ ಮಾಡುತ್ತದೆ. ಬೇಸಿಗೆಯಲ್ಲಿ 40 ಸಿಗುತ್ತಿತ್ತು ಎಂದಿರಲ್ಲ, ಅಂದರೆ ನಿಮ್ಮ ಎಕ್ಸ್‌ಚೇಂಜೂ ಸರಿಯಿತ್ತು, ಹೊರಗಿನ ಕೇಬಲ್ಲೂ ಬಹುಮಟ್ಟಿಗೆ ಸರಿಯಿತ್ತು.

ಒಂದು ಮಾತು ಕೇಳುತ್ತೇನೆ. ಮಹಡಿಯ ಕೋಣೆಗೆಂದು ಮನೆಯವರೇ ಯಾರಿಂದಲಾದರೂ ಒಂದು ಎಕ್ಸ್‌ಟೆನ್ಷನ್ ತಂತಿ ಎಳೆಸಿದ್ದರೇ?

ಲಿಂಕ್ಸ್_ಲಲಿತೆ

ಎಳೆಸಿದ್ದರು! ನಮ್ಮ ಚಿಕ್ಕಪ್ಪನೇ ಎಳೆದದ್ದು, ತಾರಸಿಯ ಮೇಲಿಂದ ಹಾಯಿಸಿ. ಕಂಪ್ಯೂಟರು ಮಹಡಿಯಲ್ಲಿತ್ತು. ನಿಮಗೆ ಹೇಗೆ ತಿಳಿಯಿತು?

ಸ್ಟ್ರೌಜರ್_ನಿವೃತ್ತ

ಮೂವತ್ತು ವರ್ಷ ಇಂತಹ ದೂರುಗಳನ್ನೇ ನೋಡಿದ್ದೇನೆ. ತಾರಸಿಯ ಮೇಲೆ ಎರಡು ತಂತಿಗಳನ್ನು ತಿರುಚಿ, ಮೇಲೆ ಕಪ್ಪು ಟೇಪು ಸುತ್ತಿ ಬಿಟ್ಟಿರುತ್ತಾರೆ. ಎರಡು ಬಿಸಿಲಿಗೆ ಟೇಪಿನ ಅಂಟು ಬಿಡುತ್ತದೆ, ಮೊದಲ ಮಳೆಗೆ ಒಳಗೆ ನೀರು ಇಳಿದು ತಾಮ್ರ ಹಸಿರುಗಟ್ಟುತ್ತದೆ. ಬೇಸಿಗೆಯಲ್ಲಿ ನಿಮಗೆ ಸಿಗುತ್ತಿದ್ದ 40 ಕಿಲೋಬಿಟ್‌ಗಳಲ್ಲಿ ಅರ್ಧ ಪಾಲು ಮಳೆಗಾಲದಲ್ಲಿ ಆ ಗಂಟಿನಲ್ಲಿಯೇ ಸೋರಿಹೋಗುತ್ತಿದ್ದಿರಬೇಕು.